ರೂಮ್‌ಮೇಟ್ ಮನೆ ಬಿಟ್ಟರು: ಪಿಎಸ್5ನಲ್ಲಿರುವ ಅವರ ಅಕೌಂಟ್ ತೆಗೆಯುವುದು ಹೇಗೆ?

ಪ್ರಶ್ನೆ: ಬೆಂಗಳೂರಿನಲ್ಲಿ ಮೂವರು ಗೆಳೆಯರು ಒಂದೇ ಮನೆಯಲ್ಲಿದ್ದೇವೆ. ದುಡ್ಡು ಸೇರಿಸಿ ಡಿಸ್ಕ್ ಹಾಕುವ ಪಿಎಸ್5 (ಸೋನಿಯ ಪ್ಲೇಸ್ಟೇಷನ್ 5 ಗೇಮ್ ಕನ್ಸೋಲ್) ಒಂದನ್ನು ಸೆಕೆಂಡ್ ಹ್ಯಾಂಡ್‌ನಲ್ಲಿ ತೆಗೆದುಕೊಂಡಿದ್ದೆವು. ಈಗ ಒಬ್ಬ ಕೆಲಸ ಬದಲಿಸಿ ಪುಣೆಗೆ ಹೊರಟಿದ್ದಾನೆ. ಅವನ ಪಾಲಿನ ದುಡ್ಡು ಕೊಟ್ಟಾಗಿದೆ, ಕನ್ಸೋಲ್ ನಮ್ಮಲ್ಲೇ ಉಳಿಯುತ್ತದೆ. ಅವನ ಯೂಸರ್ ಡಿಲೀಟ್ ಮಾಡಲು ಹೋದರೆ ಡೇಟಾ ಎಲ್ಲ ಅಳಿಸಿಹೋಗುತ್ತದೆ ಎಂಬ ಎಚ್ಚರಿಕೆ ಬರುತ್ತಿದೆ. ಅವನು ಕೊಂಡ ಗೇಮ್, ಗೆದ್ದ ಟ್ರೋಫಿ ಎಲ್ಲ ಹೋಗುತ್ತದೆಯೇ? ಅವನ ಗೇಮ್‌ಗಳನ್ನು ನಾವೂ ಆಡುತ್ತಿದ್ದೆವು, ಅವು ನಮಗೆ ಉಳಿಯುತ್ತವೆಯೇ? ಕನ್ಸೋಲ್ ಕೊಳ್ಳುವಾಗ ಅಂಗಡಿಯವರು ‘ಫ್ರೀ ಗೇಮ್ಸ್’ ಎಂದು ಹಾಕಿಕೊಟ್ಟ ಇನ್ನೊಂದು ಅಕೌಂಟ್ ಕೂಡ ಇದೆ. ಅದನ್ನೂ ತೆಗೆಯಬಹುದೇ?

ಉತ್ತರ: ನಿಮ್ಮ ಸ್ನೇಹಿತರು ಕೊಂಡ ಗೇಮ್‌ಗಳಿಗಾಗಲಿ, ಟ್ರೋಫಿಗಳಿಗಾಗಲಿ, ವಾಲೆಟ್‌ನಲ್ಲಿರುವ ಹಣಕ್ಕಾಗಲಿ ಏನೂ ಆಗುವುದಿಲ್ಲ. ಹೋಗುವುದು ಮುಖ್ಯವಾಗಿ ಅವರ ಸೇವ್‌ಗಳು, ಅಂದರೆ ಪ್ರತಿ ಗೇಮನ್ನು ಎಲ್ಲಿಯವರೆಗೆ ಆಡಿದ್ದಾರೆ ಎಂಬ ದಾಖಲೆ, ಜೊತೆಗೆ ಅವರು ತೆಗೆದಿಟ್ಟ ಸ್ಕ್ರೀನ್‌ಶಾಟ್, ವಿಡಿಯೊ ಕ್ಲಿಪ್‌ಗಳು. ಆದರೆ ಅವು ಒಮ್ಮೆ ಹೋದರೆ ಹೋದ ಹಾಗೆಯೇ. ಬೇರೆಲ್ಲೂ ಪ್ರತಿ ಇಲ್ಲದಿದ್ದರೆ ಸೋನಿಯ ಗ್ರಾಹಕ ಸೇವೆಗೆ ಫೋನ್ ಮಾಡಿದರೂ ವಾಪಸ್ ಬರುವುದಿಲ್ಲ. ಹಾಗಾಗಿ ಡಿಲೀಟ್ ಎಂಬುದು ಈ ಕೆಲಸದಲ್ಲಿ ಕಟ್ಟಕಡೆಗೆ ಒತ್ತುವ ಬಟನ್. ಅದಕ್ಕೆ ಮೊದಲು ಮಾಡಬೇಕಾದದ್ದು ಇದೆ, ಅದರಲ್ಲಿ ಹೆಚ್ಚಿನದು ಅವರ ಪಾಸ್‌ವರ್ಡ್ ಇಲ್ಲದೆ ಆಗುವುದಿಲ್ಲ. ಅವರು ಲಗೇಜು ಕಟ್ಟುವ ಮುಂಚೆ ಒಂದು ಸಂಜೆ ಟಿವಿ ಮುಂದೆ ಕೂರಿಸಿಕೊಳ್ಳಿ.

ಈ ಗೊಂದಲ ಎಲ್ಲರಿಗೂ ಆಗುವುದೇ, ಏಕೆಂದರೆ ನಾವು ‘ಅಕೌಂಟ್’ ಅಂದುಕೊಂಡಿರುವುದು ಅಲ್ಲಿ ಒಂದಲ್ಲ. ಕನ್ಸೋಲ್ ಆನ್ ಮಾಡಿದಾಗ ಕಾಣುವ ಚಿತ್ರ, ಹೆಸರು ‘ಯೂಸರ್’. ಅದು ನಿಮ್ಮ ಮನೆಯ ಪೆಟ್ಟಿಗೆಯೊಳಗೆ ಮಾತ್ರ ಇರುವಂಥದ್ದು. ಪ್ಲೇಸ್ಟೇಷನ್ ನೆಟ್‌ವರ್ಕ್ ಅಕೌಂಟ್ ಇರುವುದು ಸೋನಿಯ ಸರ್ವರ್‌ನಲ್ಲಿ. ಕೊಂಡ ಗೇಮ್‌ಗಳ ಪಟ್ಟಿ, ಟ್ರೋಫಿ, ವಾಲೆಟ್, ಫ್ರೆಂಡ್ಸ್ ಲಿಸ್ಟ್ ಎಲ್ಲ ಅಲ್ಲಿ. ಇವೆರಡರ ನಡುವೆ ಮೂರನೆಯದೊಂದಿದೆ: ‘ಈ ಅಕೌಂಟಿನ ಗೇಮ್‌ಗಳನ್ನು ಈ ಕನ್ಸೋಲ್‌ನಲ್ಲಿ ಯಾರು ಬೇಕಾದರೂ ಆಡಬಹುದು’ ಎಂಬ ಅನುಮತಿ. ಪಿಎಸ್5ನಲ್ಲಿ ಅದಕ್ಕೆ ‘ಕನ್ಸೋಲ್ ಶೇರಿಂಗ್ ಅಂಡ್ ಆಫ್‌ಲೈನ್ ಪ್ಲೇ’ ಎಂದು ಹೆಸರು. ನೀವಿಬ್ಬರೂ ಇಷ್ಟು ದಿನ ಅವರ ಗೇಮ್ ಆಡುತ್ತಿದ್ದದ್ದು ಈ ಅನುಮತಿಯ ಬಲದಿಂದ. ಡಿಲೀಟ್ ಒತ್ತಿದರೆ ಅಳಿಯುವುದು ಯೂಸರ್. ಅಕೌಂಟ್ ಹಾಗೇ ಇರುತ್ತದೆ. ಅವರು ಪುಣೆಯಲ್ಲಿ ಬೇರೆ ಪಿಎಸ್5ಗೆ ಇಮೇಲ್, ಪಾಸ್‌ವರ್ಡ್ ಹಾಕಿದರೆ ಎಲ್ಲ ಅಲ್ಲಿ ಕಾಣುತ್ತದೆ. ಅಕೌಂಟನ್ನೇ ಮುಚ್ಚಿಸಬೇಕೆಂದರೆ ಪ್ಲೇಸ್ಟೇಷನ್ ಸಪೋರ್ಟ್‌ಗೆ ಕೇಳಿಕೊಂಡು ಬೇರೆಯಾಗಿ ಮಾಡಿಸಬೇಕು. ಹಾಗೆ ಮುಚ್ಚಿದರೆ ಕೊಂಡ ಗೇಮ್‌ಗಳೂ ಹೋಗುತ್ತವೆ. ನಿಮಗೆ ಅದರ ಗೊಡವೆಯೇ ಬೇಡ.

ಈಗ ಸೇವ್‌ಗಳ ವಿಷಯ. ಪಿಎಸ್4ನಲ್ಲಿ ಇದು ಸುಲಭವಿತ್ತು, ಸೇವ್‌ಗಳನ್ನು ಪೆನ್‌ಡ್ರೈವ್‌ಗೆ ಹಾಕಿಕೊಂಡು ಎದ್ದು ಹೋಗಬಹುದಿತ್ತು. ಪಿಎಸ್5 ಗೇಮ್‌ಗಳಿಗೆ ಸೋನಿ ಆ ದಾರಿ ಮುಚ್ಚಿದೆ. ಪಿಎಸ್4 ಗೇಮ್ ಅನ್ನು ಪಿಎಸ್5ನಲ್ಲಿ ಆಡಿದ್ದರೆ ಅದರ ಸೇವ್ ಈಗಲೂ ಪೆನ್‌ಡ್ರೈವ್‌ಗೆ ಹೋಗುತ್ತದೆ. ಪಿಎಸ್5ಗೆಂದೇ ಬಂದ ಗೇಮ್‌ಗಳ ಸೇವ್ ಹೋಗುವುದಿಲ್ಲ, ಅದಕ್ಕೆ ಕ್ಲೌಡ್ (ಸೋನಿಯ ಸರ್ವರ್‌ನಲ್ಲಿ ಸೇವ್ ಇಡುವ ಜಾಗ) ಬೇಕು, ಕ್ಲೌಡ್‌ಗೆ ಪ್ಲೇಸ್ಟೇಷನ್ ಪ್ಲಸ್ ಚಂದಾ ಬೇಕು. ಸಾವಿರಾರು ರೂಪಾಯಿ ಕೊಟ್ಟು ಕೊಂಡ ಗೇಮ್‌ನಲ್ಲಿ ನಾವೇ ಆಡಿ ಮಾಡಿಟ್ಟ ಪ್ರಗತಿಯನ್ನು ಹೊರಗೆ ತೆಗೆಯಲು ಮತ್ತೆ ಚಂದಾ ಕಟ್ಟಿ ಎನ್ನುವುದು ನನಗಂತೂ ಒಪ್ಪಿಗೆಯಿಲ್ಲದ ವ್ಯವಸ್ಥೆ, ಆದರೆ ಇರುವುದು ಹೀಗೆ.

ಅವರಿಗೆ ಪ್ಲಸ್ ಇದ್ದರೆ ಅವರ ಯೂಸರ್‌ನಿಂದಲೇ ಲಾಗಿನ್ ಆಗಿ ಸೆಟ್ಟಿಂಗ್ಸ್‌ನಲ್ಲಿ ‘ಸೇವ್ಡ್ ಡೇಟಾ ಅಂಡ್ ಗೇಮ್/ಆ್ಯಪ್ ಸೆಟ್ಟಿಂಗ್ಸ್’ ತೆರೆಯಲಿ. ಅಲ್ಲಿ ಪಿಎಸ್5 ಸೇವ್, ಪಿಎಸ್4 ಸೇವ್ ಎಂದು ಎರಡು ಬೇರೆ ಬೇರೆ ಸಾಲು ಇವೆ. ಒಂದನ್ನು ನೋಡಿ ಇನ್ನೊಂದನ್ನು ಬಿಟ್ಟುಬಿಡುವವರೇ ಜಾಸ್ತಿ. ಆಟೊ ಸಿಂಕ್ ಆನ್ ಇದೆ, ಎಲ್ಲ ತಾನಾಗಿಯೇ ಕ್ಲೌಡ್‌ಗೆ ಹೋಗಿರುತ್ತದೆ ಎಂದು ನಂಬಿ ಕೂರಬೇಡಿ. ಕ್ಲೌಡ್‌ನ ಪಟ್ಟಿ ತೆರೆದು ಪ್ರತಿ ಗೇಮಿನ ಮುಂದೆ ಇರುವ ದಿನಾಂಕ ನೋಡಿ. ಮೊನ್ನೆ ರಾತ್ರಿ ಆಡಿದ ಗೇಮಿನ ಮುಂದೆ ಎರಡು ತಿಂಗಳ ಹಿಂದಿನ ತಾರೀಖು ಇದ್ದರೆ ಸಿಂಕ್ ಎಲ್ಲೋ ನಿಂತಿದೆ ಎಂದರ್ಥ. ಆ ಗೇಮನ್ನು ಆರಿಸಿ ಕೈಯಾರೆ ಅಪ್‌ಲೋಡ್ ಮಾಡಿ. ಮನೆಯ ವೈಫೈ ಆಗಾಗ ಕೈಕೊಡುತ್ತಿದ್ದರೆ, ಅಥವಾ ಆಟ ಮುಗಿದ ಕೂಡಲೇ ಗೋಡೆಯ ಸ್ವಿಚ್ ಆಫ್ ಮಾಡುವ ಅಭ್ಯಾಸ ಯಾರಿಗಾದರೂ ಇದ್ದರೆ ಇದು ಖಂಡಿತ ನೋಡಬೇಕಾದದ್ದು. ಕನ್ಸೋಲ್ ರೆಸ್ಟ್ ಮೋಡ್‌ನಲ್ಲಿ, ಅಂದರೆ ಪೂರ್ತಿ ಆಫ್ ಆಗದೆ ಅರೆನಿದ್ರೆಯಲ್ಲಿ, ಇರುವಾಗ ಮಾಡಿಕೊಳ್ಳಬೇಕಾದ ಸಿಂಕ್‌ಗೆ ಕರೆಂಟೇ ಸಿಗುವುದಿಲ್ಲ.

ಅವರಿಗೆ ಪ್ಲಸ್ ಇಲ್ಲದಿದ್ದರೆ ಒಂದು ತಿಂಗಳ ಎಸೆನ್ಷಿಯಲ್ ಚಂದಾ ಕಟ್ಟಿದರೆ ಸಾಕು. ನಮ್ಮಲ್ಲಿರುವ ಮೂರು ದರ್ಜೆಗಳಲ್ಲಿ, ಅಂದರೆ ಎಸೆನ್ಷಿಯಲ್, ಎಕ್ಸ್‌ಟ್ರಾ, ಡೀಲಕ್ಸ್‌ಗಳಲ್ಲಿ, ಕಡಿಮೆಯ ಎಸೆನ್ಷಿಯಲ್‌ನಲ್ಲೇ ಕ್ಲೌಡ್ ಸೇರಿದೆ. ಆದರೆ ಅಲ್ಲಿಂದ ಇಳಿಸಿಕೊಳ್ಳುವಾಗಲೂ ಚಂದಾ ಚಾಲ್ತಿಯಲ್ಲಿರಬೇಕು ಎಂಬುದನ್ನು ಅವರಿಗೆ ಹೇಳಿಬಿಡಿ. ಹೊಸ ಪಿಎಸ್5 ಈಗಲೇ ಕೊಂಡಿದ್ದರೆ ಚಂದಾ ಇಲ್ಲದೆಯೂ ಒಂದು ದಾರಿ ಇದೆ. ಎರಡೂ ಕನ್ಸೋಲ್‌ಗಳನ್ನು ಒಂದೇ ರೂಟರ್‌ಗೆ ಹಾಕಿ, ‘ಸಿಸ್ಟಮ್ ಸಾಫ್ಟ್‌ವೇರ್’ ಅಡಿಯಲ್ಲಿರುವ ‘ಡೇಟಾ ಟ್ರಾನ್ಸ್‌ಫರ್’ನಿಂದ ನೇರವಾಗಿ ಕಳಿಸಬಹುದು. ವೈಫೈಗಿಂತ ಲ್ಯಾನ್ ಕೇಬಲ್‌ನಲ್ಲಿ ಬೇಗ ಆಗುತ್ತದೆ.

ಎಲ್ಲ ಗೇಮ್‌ಗಳಿಗೂ ಇಷ್ಟು ಪಾಡು ಪಡಬೇಕಿಲ್ಲ. ಫುಟ್‌ಬಾಲ್ ಆಡುವವರಾದರೆ ಇಎ ಸ್ಪೋರ್ಟ್ಸ್ ಎಫ್‌ಸಿಯ ಅಲ್ಟಿಮೇಟ್ ಟೀಮ್ ಇಎ ಸರ್ವರ್‌ನಲ್ಲಿರುತ್ತದೆ, ಅದಕ್ಕೆ ಧಕ್ಕೆಯಿಲ್ಲ. ಅದೇ ಗೇಮಿನ ಕರಿಯರ್ ಮೋಡ್ ಮಾತ್ರ ಕನ್ಸೋಲ್‌ನೊಳಗಿನ ಸೇವ್. ಐದಾರು ಸೀಸನ್ ಕಷ್ಟಪಟ್ಟು ಕಟ್ಟಿದ ಕ್ಲಬ್ ಒಂದು ಡಿಲೀಟ್‌ಗೆ ಮಾಯ. ಜಿಟಿಎ 5ರದ್ದೂ ಹೀಗೆಯೇ, ಆನ್‌ಲೈನ್ ಪಾತ್ರ ರಾಕ್‌ಸ್ಟಾರ್ ಸರ್ವರ್‌ನಲ್ಲಿ, ಸ್ಟೋರಿ ಮೋಡ್ ನಿಮ್ಮ ಮನೆಯಲ್ಲಿ. ಫೋರ್ಟ್‌ನೈಟ್ ಪೂರ್ತಿ ಸರ್ವರ್‌ನದ್ದು. ಒಬ್ಬರೇ ಕೂತು ಆಡುವ ಕಥೆಯ ಗೇಮ್‌ಗಳನ್ನೆಲ್ಲ ಕನ್ಸೋಲ್‌ನ ಸೇವ್ ಎಂದೇ ಲೆಕ್ಕ ಹಿಡಿಯಿರಿ.

ನೀವು ಕೇಳಿಲ್ಲ, ಆದರೆ ಮುಂದೆ ಕೇಳುವ ಪ್ರಶ್ನೆ ಇದು: ಅವರ ಯೂಸರ್‌ನಲ್ಲಿ ಮೂವರೂ ಸರದಿಯಲ್ಲಿ ಆಡಿ ಅರ್ಧಕ್ಕೆ ತಂದ ಗೇಮ್ ಇದ್ದರೆ ಆ ಸೇವನ್ನು ನಿಮ್ಮ ಯೂಸರ್‌ಗೆ ಹಾಕಿಕೊಳ್ಳಬಹುದೇ? ಆಗುವುದಿಲ್ಲ. ಸೇವ್ ಅಕೌಂಟಿಗೆ ಅಂಟಿಕೊಂಡಿರುತ್ತದೆ, ಬೇರೆ ಅಕೌಂಟ್ ಅದನ್ನು ತೆರೆಯುವುದಿಲ್ಲ. ಮುಗಿಸುವ ಆಸೆಯಿದ್ದರೆ ಅವರು ಹೊರಡುವ ಮುಂಚಿನ ಶನಿವಾರ, ಭಾನುವಾರ ಮುಗಿಸಿಬಿಡಿ.

ಸ್ಕ್ರೀನ್‌ಶಾಟ್, ಕ್ಲಿಪ್‌ಗಳು ಬೇಕಿದ್ದರೆ ಮೀಡಿಯಾ ಗ್ಯಾಲರಿಯಿಂದ ಪೆನ್‌ಡ್ರೈವ್‌ಗೆ ಕಾಪಿ ಆಗುತ್ತವೆ. ಲ್ಯಾಪ್‌ಟಾಪ್‌ಗೆ ಬಳಸುವ ಹಾರ್ಡ್ ಡಿಸ್ಕ್ ಸಿಕ್ಕಿಸಿ ‘ಕಾಣುತ್ತಲೇ ಇಲ್ಲ’ ಎನ್ನುವವರು ಬಹಳ. ವಿಂಡೋಸ್‌ನ ಎನ್‌ಟಿಎಫ್‌ಎಸ್ ಫಾರ್ಮ್ಯಾಟ್ ಪ್ಲೇಸ್ಟೇಷನ್‌ಗೆ ಅರ್ಥವಾಗುವುದಿಲ್ಲ. ಎಕ್ಸ್‌ಫ್ಯಾಟ್ ಅಥವಾ ಫ್ಯಾಟ್32 ಇರಬೇಕು. ಫಾರ್ಮ್ಯಾಟ್ ಮಾಡಿದರೆ ಡಿಸ್ಕ್‌ನಲ್ಲಿದ್ದದ್ದೆಲ್ಲ ಹೋಗುತ್ತದೆ, ಅದಕ್ಕೇ ಖಾಲಿ ಪೆನ್‌ಡ್ರೈವ್ ಒಂದನ್ನು ಇಟ್ಟುಕೊಳ್ಳಿ. ಟ್ರೋಫಿ ಅಕೌಂಟಿನಲ್ಲಿರುತ್ತದೆ ಎಂದೆನಲ್ಲ, ಇಂಟರ್‌ನೆಟ್ ಇಲ್ಲದಾಗ ಗೆದ್ದವು ಇನ್ನೂ ಸರ್ವರ್ ತಲುಪಿರದಿರಬಹುದು. ನೆಟ್ ಆನ್ ಇರುವಾಗ ಅವರ ಟ್ರೋಫಿ ಪುಟವನ್ನು ಒಮ್ಮೆ ತೆರೆದು ಹೊಸದೆಲ್ಲ ಬಂದಿದೆಯೇ ನೋಡಿಕೊಳ್ಳಲಿ.

ಮುಂದಿನದು ಶೇರಿಂಗ್. ಒಂದು ಅಕೌಂಟ್ ಒಂದು ಸಮಯಕ್ಕೆ ಒಂದೇ ಪಿಎಸ್5ನಲ್ಲಿ ಶೇರಿಂಗ್ ಆನ್ ಇಟ್ಟುಕೊಳ್ಳಬಹುದು. ಅವರ ಲಾಗಿನ್‌ನಲ್ಲೇ ಸೆಟ್ಟಿಂಗ್ಸ್, ‘ಯೂಸರ್ಸ್ ಅಂಡ್ ಅಕೌಂಟ್ಸ್’, ‘ಅದರ್’, ‘ಕನ್ಸೋಲ್ ಶೇರಿಂಗ್ ಅಂಡ್ ಆಫ್‌ಲೈನ್ ಪ್ಲೇ’ ತೆರೆದು ‘ಡಿಸೇಬಲ್’ ಒತ್ತಬೇಕು. ಯೂಸರ್ ಡಿಲೀಟ್ ಆದರೆ ಇದೂ ತಾನೇ ಸರಿಹೋಗುತ್ತದೆ ಎಂದು ಬಿಡಬೇಡಿ. ಅವರು ಇಲ್ಲೇ ಇರುವಾಗ ಎರಡು ನಿಮಿಷದ ಕೆಲಸ, ಆಮೇಲೆ ದೂರದಿಂದ ಮಾಡುವುದು ತಲೆನೋವು.

ಡಿಸೇಬಲ್ ಮಾಡಿದ ತಕ್ಷಣ ನಿಮ್ಮ ಎರಡನೇ ಪ್ರಶ್ನೆಗೆ ಉತ್ತರ ಟಿವಿ ಪರದೆಯ ಮೇಲೇ ಕಾಣುತ್ತದೆ. ಅವರು ಸ್ಟೋರ್‌ನಲ್ಲಿ ಕೊಂಡ ಗೇಮ್‌ಗಳ ಚಿತ್ರದ ಮೇಲೆ ಬೀಗದ ಗುರುತು ಬರುತ್ತದೆ. ಪ್ಲಸ್‌ನ ತಿಂಗಳ ಗೇಮ್‌ಗಳೆಂದು ಅವರು ಪಡೆದಿದ್ದವೂ ಹಾಗೆಯೇ. ಪ್ಲಸ್ ಚಂದಾ ಅವರೊಬ್ಬರದ್ದೇ ಆಗಿದ್ದರೆ ನಿಮ್ಮ ಆನ್‌ಲೈನ್ ಆಟವೂ ನಿಲ್ಲುತ್ತದೆ. ಫೋರ್ಟ್‌ನೈಟ್‌ನಂಥ ಉಚಿತ ಗೇಮ್‌ಗಳಿಗೆ ಮಾತ್ರ ಚಂದಾ ಬೇಡ. ಉಳಿದ ಇಬ್ಬರಲ್ಲಿ ಒಬ್ಬರು ಪ್ಲಸ್ ತೆಗೆದುಕೊಂಡು ತಮ್ಮ ಅಕೌಂಟಿನ ಶೇರಿಂಗ್ ಅನ್ನು ಈ ಕನ್ಸೋಲ್‌ನಲ್ಲಿ ಆನ್ ಇಟ್ಟರೆ ಇಬ್ಬರಿಗೂ ನಡೆಯುತ್ತದೆ. ಡಿಸ್ಕ್‌ಗಳಿಗೆ ಈ ಯಾವ ರಗಳೆಯೂ ಇಲ್ಲ. ಡಿಸ್ಕ್ ಯಾರ ಕೈಯಲ್ಲಿದೆಯೋ ಗೇಮ್ ಅವರದು, ಹಾಕಿ ಆಡಿ. ಡಿಸ್ಕ್ ಗೇಮ್‌ಗೆ ಅವರ ಅಕೌಂಟಿನಲ್ಲಿ ಕೊಂಡ ಹೆಚ್ಚುವರಿ ಭಾಗಗಳು ಮಾತ್ರ ಅವರ ಜೊತೆ ಹೋಗುತ್ತವೆ.

‘ಅವರು ಹೊಸ ಕನ್ಸೋಲ್ ಕೊಳ್ಳುವವರೆಗೆ ಶೇರಿಂಗ್ ಹೀಗೇ ಇರಲಿ’ ಎಂದು ನಿಮಗೆ ಅನ್ನಿಸಬಹುದು. ಹಾಗೆ ಬಿಟ್ಟರೆ ನಡೆಯುತ್ತದೆ, ಅವರು ಪುಣೆಯಲ್ಲಿ ಬೇರೆ ಪಿಎಸ್5 ತಂದು ಅಲ್ಲಿ ಶೇರಿಂಗ್ ಆನ್ ಮಾಡುವ ದಿನದವರೆಗೆ. ಆದರೆ ಅಷ್ಟು ದಿನ ಅವರ ವಾಲೆಟ್ ನಿಮ್ಮ ಹಾಲ್‌ನಲ್ಲಿ ತೆರೆದಿಟ್ಟ ಹಾಗೆ. ಲಾಗಿನ್ ಪಾಸ್‌ಕೋಡ್ ಇಲ್ಲದ ಯೂಸರ್ ಆಗಿದ್ದರೆ ಮನೆಗೆ ಬಂದ ಯಾರದೋ ತಮ್ಮ ಕಂಟ್ರೋಲರ್ ಹಿಡಿದು ಎರಡು ಬಟನ್ ಒತ್ತಿದರೆ ಅವರ ದುಡ್ಡಲ್ಲಿ ಏನಾದರೂ ಕೊಂಡುಬಿಡಬಹುದು. ಆಮೇಲೆ ಕೊಂಡವರು ಯಾರು ಎಂಬ ಜಗಳ. ಲೆಕ್ಕ ಚುಕ್ತಾ ಆದ ಮೇಲೆ ಇದೂ ಚುಕ್ತಾ ಆಗಲಿ ಎನ್ನುವುದು ನನ್ನ ಸಲಹೆ. ಮೂವರೂ ದುಡ್ಡು ಹಾಕಿ ಅವರ ಅಕೌಂಟಿನಲ್ಲಿ ಕೊಂಡ ಡಿಜಿಟಲ್ ಗೇಮ್‌ಗಳು ಇದ್ದರೆ ಅವನ್ನು ಪಾಲು ಮಾಡುವ ದಾರಿ ಸೋನಿ ಇಟ್ಟಿಲ್ಲ, ಒಂದು ಅಕೌಂಟಿನಿಂದ ಇನ್ನೊಂದಕ್ಕೆ ವರ್ಗಾವಣೆ ಇಲ್ಲ. ಕನ್ಸೋಲಿನ ಲೆಕ್ಕ ಹಾಕುವಾಗ ಅದನ್ನೂ ಹಿಡಿದಿದ್ದರೆ ಸರಿ. ಇಲ್ಲದಿದ್ದರೆ ಈಗಲೇ ಬಾಯಿಬಿಟ್ಟು ಮಾತಾಡಿಕೊಳ್ಳಿ.

ಇಷ್ಟಾದ ಮೇಲೆ ಡಿಲೀಟ್. ಅವರ ಯೂಸರ್‌ನಿಂದ ಲಾಗೌಟ್ ಆಗಿ ನಿಮ್ಮ ಯೂಸರ್‌ನಿಂದ ಒಳಗೆ ಬನ್ನಿ. ಹೋಮ್ ಪರದೆಯ ಮೇಲ್ಗಡೆ ಬಲಕ್ಕಿರುವ ಸೆಟ್ಟಿಂಗ್ಸ್ ಚಕ್ರ, ಅಲ್ಲಿಂದ ‘ಯೂಸರ್ಸ್ ಅಂಡ್ ಅಕೌಂಟ್ಸ್’, ‘ಯೂಸರ್ಸ್’, ‘ಡಿಲೀಟ್ ಯೂಸರ್’. ಪಟ್ಟಿಯಲ್ಲಿ ಚಿತ್ರ ನೋಡಿ ಆರಿಸಬೇಡಿ, ಹೆಸರು ಓದಿ ಆರಿಸಿ. ಅವತಾರ್ ಬದಲಿಸದೆ ಬಿಟ್ಟವರ ಚಿತ್ರಗಳು ಒಂದಕ್ಕೊಂದು ಹೋಲುತ್ತವೆ, ಆತುರದಲ್ಲಿ ಉಳಿಯಬೇಕಾದವರದ್ದೇ ಹೋದ ಪ್ರಸಂಗಗಳಿವೆ. ಯಾವ ಹಂತದಲ್ಲಾದರೂ ಕನ್ಸೋಲನ್ನು ‘ರೀಸೆಟ್’ ಮಾಡುವ ಮಾತು ಪರದೆಯಲ್ಲಿ ಬಂದರೆ ಮುಂದೆ ಹೋಗದೆ ವೃತ್ತದ ಬಟನ್ ಒತ್ತಿ ಹಿಂದಕ್ಕೆ ಬನ್ನಿ. ಅದು ಎಲ್ಲರದ್ದನ್ನೂ ಒರೆಸುವ ಕೆಲಸ, ಕನ್ಸೋಲ್ ಮಾರುವಾಗ ಮಾತ್ರ ಬೇಕಾಗುವಂಥದ್ದು. ನೆಟ್‌ಫ್ಲಿಕ್ಸ್, ಯೂಟ್ಯೂಬ್ ಆ್ಯಪ್‌ಗಳಲ್ಲಿ ಅವರ ಖಾತೆ ಇದ್ದರೆ ಆಯಾ ಆ್ಯಪ್‌ನಿಂದಲೂ ಸೈನ್ ಔಟ್ ಮಾಡಿಸಿಬಿಡಿ.

ಯೂಸರ್ ಹೋದರೂ ಇನ್‌ಸ್ಟಾಲ್ ಆದ ಗೇಮ್ ಫೈಲ್‌ಗಳು ಹೋಗುವುದಿಲ್ಲ. ಮೊದಲ ಪಿಎಸ್5 ಮಾದರಿಯ 825 ಜಿಬಿಯಲ್ಲಿ ನಮ್ಮ ಕೈಗೆ ಸಿಗುವುದೇ ಸುಮಾರು 667 ಜಿಬಿ. ಬೀಗ ಬಿದ್ದ ಗೇಮ್‌ಗಳು ಅದರಲ್ಲಿ ಸುಮ್ಮನೆ ಜಾಗ ತಿನ್ನುತ್ತಾ ಕೂರುತ್ತವೆ. ‘ಸ್ಟೋರೇಜ್’ಗೆ ಹೋಗಿ ಬೇಡದ್ದನ್ನು ತೆಗೆಯಿರಿ. ಅದರಲ್ಲಿ ಯಾವುದಾದರೂ ಗೇಮನ್ನು ನೀವೇ ಕೊಳ್ಳುವ ಯೋಚನೆ ಇದ್ದರೆ ಮಾತ್ರ ಹಾಗೇ ಬಿಡಿ. ಅದೇ ರೀಜನ್‌ನ (ಅದೇ ದೇಶ ಅಥವಾ ಪ್ರದೇಶದ ಸ್ಟೋರ್‌ನ) ಗೇಮ್ ನಿಮ್ಮ ಅಕೌಂಟಿನಲ್ಲಿ ಕೊಂಡರೆ ಇರುವ ಫೈಲೇ ಸಾಮಾನ್ಯವಾಗಿ ಕೆಲಸಕ್ಕೆ ಬರುತ್ತದೆ, ಮತ್ತೆ ಇಡೀ ಡೌನ್‌ಲೋಡ್ ಬೇಡ.

ಇನ್ನು ಅಂಗಡಿಯವರ ಅಕೌಂಟ್. ಇದರ ಬಗ್ಗೆ ನಾನು ಸ್ವಲ್ಪ ಕಟುವಾಗಿಯೇ ಹೇಳಬೇಕು. ‘ಪ್ರೈಮರಿ’, ‘ಸೆಕೆಂಡರಿ’ ಎಂಬ ಹೆಸರಲ್ಲಿ ಅಕೌಂಟ್‌ಗಳನ್ನೇ ಕಡಿಮೆ ಬೆಲೆಗೆ ಮಾರುವ ವ್ಯಾಪಾರ ನಮ್ಮಲ್ಲಿ ಜೋರಾಗಿದೆ. ಒಂದು ಅಕೌಂಟಿನಲ್ಲಿ ಗೇಮ್ ಕೊಂಡು, ಶೇರಿಂಗ್ ಆನ್ ಮಾಡಿದ ಜಾಗವನ್ನು ಒಬ್ಬರಿಗೆ, ಲಾಗಿನ್ ಆಗಿ ಆಡುವುದನ್ನು ಇನ್ನೊಬ್ಬರಿಗೆ ಕೊಡುತ್ತಾರೆ. ಅಕೌಂಟ್ ಮಾರುವುದು, ಕೊಳ್ಳುವುದು ಸೋನಿಯ ನಿಯಮಕ್ಕೆ ವಿರುದ್ಧ, ಸಿಕ್ಕಿಬಿದ್ದರೆ ಅಕೌಂಟ್ ಬ್ಯಾನ್ ಆಗುತ್ತದೆ. ಪಾಸ್‌ವರ್ಡ್ ಅವರ ಕೈಯಲ್ಲಿರುವುದರಿಂದ ಅವರಿಗೆ ಬೇಕೆನಿಸಿದ ದಿನ ನಿಮ್ಮ ಗೇಮ್‌ಗಳಿಗೆ ಬೀಗ ಬೀಳುತ್ತದೆ. ಹಾಗಾಗಿ ಧಾರಾಳವಾಗಿ ತೆಗೆಯಿರಿ, ತೆಗೆದರೆ ಆ ‘ಫ್ರೀ’ ಗೇಮ್‌ಗಳ ಆಸೆ ಬಿಡಬೇಕು ಅಷ್ಟೆ.

ಆದರೆ ಡಿಲೀಟ್ ಒತ್ತುವ ಮುಂಚೆ ಒಂದು ಖಾತ್ರಿ ಮಾಡಿಕೊಳ್ಳಿ: ಆ ಗೇಮ್‌ಗಳನ್ನು ನೀವು ಆಡಿದ್ದು ನಿಮ್ಮ ಯೂಸರ್‌ನಿಂದಲೋ ಅವರ ಯೂಸರ್‌ನಿಂದಲೋ? ನಿಮ್ಮದರಿಂದ ಆಗಿದ್ದರೆ ಸೇವ್ ನಿಮ್ಮಲ್ಲೇ ಇದೆ, ಮುಂದೆ ಅದೇ ಗೇಮ್ ಕೊಂಡಾಗ ಬಿಟ್ಟಲ್ಲಿಂದ ಮುಂದುವರಿಸಬಹುದು. ಅಂಗಡಿಯವರ ಯೂಸರ್ ತೆರೆದೇ ಆಡಿದ್ದರೆ ಆ ಸೇವ್ ಅದರೊಂದಿಗೇ ಹೋಗುತ್ತದೆ. ನೀವು ಪಾಸ್‌ವರ್ಡ್ ಇಲ್ಲದೆ ಏನೂ ಮಾಡುವಂತಿಲ್ಲ. ಇಂಥ ಅಕೌಂಟ್ ಎಷ್ಟೋ ಸಲ ಬೇರೆ ದೇಶದ ರೀಜನ್‌ನದ್ದೂ ಆಗಿರುತ್ತದೆ. ಹಾಗಿದ್ದರೆ ನೀವು ಭಾರತದ ಸ್ಟೋರ್‌ನಲ್ಲಿ ಕೊಂಡ ಗೇಮ್ ಹಳೆಯ ಸೇವನ್ನು ಗುರುತಿಸದೆಯೂ ಇರಬಹುದು.

ಪ್ಯಾಕಿಂಗ್ ಗಲಾಟೆಯಲ್ಲಿ ಇದೆಲ್ಲ ಮರೆತು ಸ್ನೇಹಿತರು ಬಸ್ ಹತ್ತಿಬಿಟ್ಟರು ಎಂದುಕೊಳ್ಳಿ. ಕ್ಲೌಡ್‌ನಲ್ಲಿ ಸೇವ್ ಇದೆಯೆಂದು ಅವರಿಂದ ಖಚಿತವಾದ ಮೇಲೆ ನೀವು ಇಲ್ಲಿ ಯೂಸರ್ ಡಿಲೀಟ್ ಮಾಡಬಹುದು. ಶೇರಿಂಗ್ ಬಿಡಿಸುವುದನ್ನು ಅವರು ಪ್ಲೇಸ್ಟೇಷನ್ ಜಾಲತಾಣದ ಅಕೌಂಟ್ ಪುಟದಲ್ಲಿ ‘ಡಿವೈಸ್ ಮ್ಯಾನೇಜ್‌ಮೆಂಟ್’ನಿಂದ ಮಾಡಿಕೊಳ್ಳಬೇಕು. ಅಲ್ಲಿಂದ ಮಾಡುವ ಅವಕಾಶ 6 ತಿಂಗಳಿಗೆ ಒಂದೇ ಸಲ. ನಾನು ಎದುರಿಗೇ ಮಾಡಿಸಿ ಎಂದದ್ದು ಇದೇ ಕಾರಣಕ್ಕೆ. ಹಾಗೆಯೇ ‘ಸೆಕ್ಯುರಿಟಿ’ ಅಡಿಯಲ್ಲಿ ಎಲ್ಲ ಸಾಧನಗಳಿಂದ ಸೈನ್ ಔಟ್ ಆಗುವ ಆಯ್ಕೆ ಇದೆ. ಅದನ್ನು ಒತ್ತಿ, ಪಾಸ್‌ವರ್ಡ್ ಬದಲಿಸಿ, ಎರಡು ಹಂತದ ದೃಢೀಕರಣ ಆನ್ ಮಾಡಿಕೊಂಡರೆ ನಿಮ್ಮ ಮನೆಯ ಕನ್ಸೋಲ್ ಬಗ್ಗೆ ಅವರಿಗೆ ಚಿಂತೆಯಿಲ್ಲ.

ಇದನ್ನು ಓದುತ್ತಿರುವವರಲ್ಲಿ ಬೇರೆ ಕನ್ಸೋಲ್ ಇರುವವರಿಗೆ ಎರಡು ಮಾತು. ಪಿಎಸ್4ನಲ್ಲಿ ಇದೇ ಕೆಲಸ ‘ಲಾಗಿನ್ ಸೆಟ್ಟಿಂಗ್ಸ್’ನ ‘ಯೂಸರ್ ಮ್ಯಾನೇಜ್‌ಮೆಂಟ್’ನಲ್ಲಿ, ಶೇರಿಂಗ್‌ಗೆ ಅಲ್ಲಿ ‘ಆಕ್ಟಿವೇಟ್ ಆ್ಯಸ್ ಯುವರ್ ಪ್ರೈಮರಿ ಪಿಎಸ್4’ ಎಂದು ಹೆಸರು. ಎಕ್ಸ್‌ಬಾಕ್ಸ್‌ನವರು ಅದೃಷ್ಟವಂತರು: ಸೇವ್‌ಗಳು ಚಂದಾ ಇಲ್ಲದೆಯೂ ತಾವಾಗಿ ಕ್ಲೌಡ್‌ಗೆ ಹೋಗುತ್ತವೆ, ‘ರಿಮೂವ್ ಅಕೌಂಟ್ಸ್’ ಒತ್ತಿದರೂ ಅಲ್ಲಿ ಉಳಿಯುತ್ತವೆ. ಒತ್ತುವ ಮುಂಚೆ ನೆಟ್ ಆನ್ ಇದೆಯೇ ನೋಡಿಕೊಂಡರೆ ಆಯಿತು. ನಿಂಟೆಂಡೊ ಸ್ವಿಚ್‌ನಲ್ಲಿ ಎಚ್ಚರ ಜಾಸ್ತಿ ಬೇಕು. ಅಲ್ಲಿ ಯೂಸರ್ ಡಿಲೀಟ್ ಮಾಡಿದರೆ ಸೇವ್ ಕೂಡ ಅಳಿಯುತ್ತದೆ, ಮತ್ತು ಕೆಲವು ಗೇಮ್‌ಗಳಿಗೆ ಕ್ಲೌಡ್ ಬ್ಯಾಕಪ್ಪೇ ಇಲ್ಲ. ಹೊಸ ಸ್ವಿಚ್ ಕೊಂಡಿದ್ದರೆ, ಹಳೆಯದರಲ್ಲಿ ಡಿಲೀಟ್ ಮುಟ್ಟದೆ, ಎರಡನ್ನೂ ಪಕ್ಕದಲ್ಲಿಟ್ಟುಕೊಂಡು ‘ಟ್ರಾನ್ಸ್‌ಫರ್ ಯುವರ್ ಯೂಸರ್ ಡೇಟಾ’ದಿಂದ ಸಾಗಿಸಿ. ಸಾಗಿಸುವುದು ಮುಗಿದಾಗ ಯೂಸರ್ ಹಳೆಯದರಿಂದ ತಾನಾಗಿಯೇ ಹೊಸದಕ್ಕೆ ಬಂದಿರುತ್ತದೆ.